ಮೂಕಿ ಚಿತ್ರಕ್ಕೊಂದು ಮೋಟೆಬೆನ್ನೂರಿನ ಕಥೆ
ಅಮೆರಿಕದ ನಿರ್ದೇಶಕ ಡಿ.ಡಬ್ಲ್ಯು. ಗ್ರಿಫಿತ್ 1913ರಲ್ಲಿ ತೆಗೆದ ‘ದ ಬ್ಯಾಟಲ್ ಅಟ್ ಎಲ್ಡರ್‌ಬುಷ್ ಗಲ್ಚ್’ ಎರಡೇ ರೀಲಿನ ಮೂಕಿ ಚಿತ್ರ. ನೋಡಲು ಅರ್ಧ ಗಂಟೆ ಸಾಕು. ಅಮೆರಿಕದ ಪಶ್ಚಿಮ ಗಡಿಯ ಒಂಟಿ ಮನೆಗೆ ಮೂಲನಿವಾಸಿಗಳು ಮುತ್ತಿಗೆ ಹಾಕಿದ್ದಾರೆ, ಒಳಗೆ ತಾಯಿಯ ಪಾತ್ರದ ಲಿಲಿಯನ್ ಗಿಶ್ ಹೊರಗುಳಿದ ಕೂಸಿಗಾಗಿ ಹಲುಬುತ್ತಿದ್ದಾಳೆ. ಆಗ ಇನ್ನೊಬ್ಬ ನಟಿ ಮೇ ಮಾರ್ಷ್ ಗೋಡೆಯ ಕಿಂಡಿಯಲ್ಲಿ ನುಸುಳಿ, ಗುಂಡಿನ ಮಳೆಯಲ್ಲೇ ತೆವಳಿ ಹೋಗಿ ಮಗುವನ್ನು ತರುತ್ತಾಳೆ. ಒಂದೂ ಮಾತಿಲ್ಲ, ಆದರೂ ಎದೆ ಡವಗುಟ್ಟುತ್ತದೆ. ಆ ನೆಲದ ಮೂಲನಿವಾಸಿಗಳನ್ನೇ ರಾಕ್ಷಸರಂತೆ ತೋರಿಸಿದ್ದು ಮಾತ್ರ ಚಿತ್ರಕ್ಕಂಟಿದ ಕಳಂಕ. ಇಂಥ ದಿಟ್ಟೆಯರು ತೆರೆಯ ಮೇಲಷ್ಟೇ ಅಲ್ಲ. ನಮ್ಮಲ್ಲಿ 1931ರ ಮೂಕಿ ‘ವಸಂತಸೇನಾ’ದಲ್ಲಿ ಬಣ್ಣ ಹಚ್ಚಿದ ಕಮಲಾದೇವಿ ಚಟ್ಟೋಪಾಧ್ಯಾಯ ಉಪ್ಪಿನ ಸತ್ಯಾಗ್ರಹದಲ್ಲಿ ಜೈಲು ಸೇರಿದ ದಿಟ್ಟೆ. ಆ ಸತ್ಯಾಗ್ರಹ ನಡೆದ 1930ರಲ್ಲಿ ಬ್ಯಾಡಗಿ ತಾಲ್ಲೂಕಿನ ಮೋಟೆಬೆನ್ನೂರಿನ ಮೈಲಾರ ಮಹಾದೇವಪ್ಪ ಗಾಂಧೀಜಿ ಜತೆ ದಂಡಿಗೆ ನಡೆದರು. ಅವರ ಹೆಂಡತಿ ಸಿದ್ದಮ್ಮ ಸಬರಮತಿ ಆಶ್ರಮಕ್ಕೆ ಹೋದರು, ಚಳವಳಿಗಿಳಿದು ಸೆರೆಮನೆಯನ್ನೂ ಕಂಡರು. 1943ರ ಏಪ್ರಿಲ್ 1ರಂದು ಹೊಸರಿತ್ತಿಯಲ್ಲಿ ಸರ್ಕಾರದ ಕಂದಾಯದ ಹಣ ವಶಪಡಿಸಿಕೊಳ್ಳಲು ಹೋದ ಮಹಾದೇವಪ್ಪ, ತಿರಕಪ್ಪ ಮಡಿವಾಳರ, ವೀರಯ್ಯ ಹಿರೇಮಠ ಪೊಲೀಸರ ಗುಂಡಿಗೆ ಬಲಿಯಾದರು. ಹಾವೇರಿ ರೈಲು ನಿಲ್ದಾಣಕ್ಕೆ ಮಹಾದೇವಪ್ಪನವರ ಹೆಸರಿದೆ. ಅವರಿಗೆ ಹೆಗಲು ಕೊಟ್ಟ ಸಿದ್ದಮ್ಮನವರನ್ನು ನೆನೆಯುವವರು ಕಡಿಮೆ. ಹಾವೇರಿ, ರಾಣೆಬೆನ್ನೂರು, ಬ್ಯಾಡಗಿಗಳಲ್ಲಿ ಮೊಬೈಲಿನಲ್ಲೇ ಕಿರುಚಿತ್ರ ತೆಗೆಯುವ ಹುಡುಗ ಹುಡುಗಿಯರೇ, ಪಂಚ್ ಡೈಲಾಗುಗಳನ್ನು ಪಕ್ಕಕ್ಕಿಡಿ. ಹದಿನೈದೇ ನಿಮಿಷದಲ್ಲಿ, ಮಾತಿಲ್ಲದೆ, ಸಿದ್ದಮ್ಮನವರ ಕಥೆ ಹೇಳಿ. ಬಂದೂಕು ಹಿಡಿಯದೆಯೂ ಧೈರ್ಯ ತೋರಬಹುದೆಂದು ನೋಡುವವರಿಗೆ ಗೊತ್ತಾಗಲಿ.