ಕಾರಣ ಹೇಳದೆ ಕೆಲಸ ಕಸಿಯುವ ಅಧಿಕಾರ ಸರ್ಕಾರಕ್ಕಿಲ್ಲ

ಗುತ್ತಿಗೆ ನೌಕರರ ಪ್ರಶ್ನೆ ಎದ್ದಾಗಲೆಲ್ಲ ಸರ್ಕಾರಿ ಕಚೇರಿಗಳಿಂದ ಬರುವ ಉತ್ತರ ಒಂದೇ: ಉಮಾದೇವಿ ಪ್ರಕರಣದ ತೀರ್ಪು ಅಡ್ಡ ಬರುತ್ತದೆ. ಆ ತೀರ್ಪನ್ನು ಪೂರ್ತಿ ಓದಿದವರು ಹೀಗೆ ಹೇಳಲಾರರು. ನಮ್ಮದೇ ರಾಜ್ಯದ ವಾಣಿಜ್ಯ ತೆರಿಗೆ ಇಲಾಖೆಯ ದಿನಗೂಲಿಗಳ ತಕರಾರಿನಿಂದ ಹುಟ್ಟಿದ ಆ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್‌ನ ಸಂವಿಧಾನ ಪೀಠ 2006ರ ಏಪ್ರಿಲ್ 10ರಂದು ತೀರ್ಪು ಕೊಟ್ಟಿತು. ನೇಮಕಾತಿ ನಿಯಮ ಮೀರಿ ಒಳಬಂದವರು ಖಾಯಮಾತಿಯನ್ನು ಹಕ್ಕಾಗಿ ಕೇಳುವಂತಿಲ್ಲ ಎಂದಿತು, ನಿಜ. ಆದರೆ ಮಂಜೂರಾದ ಹುದ್ದೆಯಲ್ಲಿ ಕೋರ್ಟ್ ಆದೇಶದ ನೆರವಿಲ್ಲದೆ ಹತ್ತು ವರ್ಷ ದುಡಿದ ಅರ್ಹರನ್ನು ಒಂದು ಬಾರಿಗೆ ಸಕ್ರಮಗೊಳಿಸಿ, ಉಳಿದ ಖಾಲಿ ಹುದ್ದೆಗಳ ನೇಮಕಾತಿಯನ್ನು ಆರು ತಿಂಗಳೊಳಗೆ ಶುರುಮಾಡಿ ಎಂದೂ ಆದೇಶಿಸಿತ್ತು. ಮೊದಲ ಮಾತನ್ನು ಆಳುವವರು ಬಾಯಿಪಾಠ ಮಾಡಿಕೊಂಡರು. ಎರಡನೆಯದನ್ನು ಕಡತದಲ್ಲಿ ಮುಚ್ಚಿಟ್ಟರು.

ಇನ್ನೂ ದೊಡ್ಡ ತಪ್ಪು ಬೇರೆಯೇ ಇದೆ. ಖಾಯಂ ಆಗುವ ಹಕ್ಕಿಲ್ಲ ಎಂಬುದನ್ನು, ಯಾವಾಗ ಬೇಕಾದರೂ ತೆಗೆದುಹಾಕಬಹುದು ಎಂದು ಓದಲಾಗುತ್ತಿದೆ. ಉಮಾದೇವಿ ತೀರ್ಪು ಆ ಪರವಾನಗಿ ಕೊಟ್ಟಿಲ್ಲ.

ಕೇಂದ್ರ ಜಲ ಆಯೋಗದ ಕಚೇರಿಯಲ್ಲಿ ಕಸ ಗುಡಿಸಿ, ತೋಟ ನೋಡಿಕೊಂಡು ಎರಡು ದಶಕದಷ್ಟು ಕಾಲ ಸವೆಸಿದ ಕೆಲವರು ಸೇವೆ ಸಕ್ರಮ ಮಾಡಿ ಎಂದು ನ್ಯಾಯಮಂಡಳಿಗೆ ಹೋಗಿದ್ದರು. ಅಲ್ಲಿ ಸೋತ ಕೆಲವೇ ತಿಂಗಳಲ್ಲಿ, 2018ರ ಅಕ್ಟೋಬರ್‌ನಲ್ಲಿ, ನೋಟಿಸ್ ಕೂಡ ಇಲ್ಲದೆ ಅವರನ್ನು ಹೊರಹಾಕಲಾಯಿತು. ಅದೇ ಕೆಲಸ ಹೊರಗುತ್ತಿಗೆಗೆ ಹೋಯಿತು. 2024ರ ಡಿಸೆಂಬರ್‌ನಲ್ಲಿ ಜಗ್ಗೋ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಆ ವಜಾವನ್ನು ರದ್ದುಮಾಡಿ, ಅವರನ್ನು ಮರಳಿ ಸೇರಿಸಿ ಸಕ್ರಮಗೊಳಿಸಲು ಹೇಳಿತು. ಉಮಾದೇವಿ ತೀರ್ಪನ್ನು ದುಡಿಯುವವರ ವಿರುದ್ಧದ ಆಯುಧ ಮಾಡಿಕೊಳ್ಳಬೇಡಿ ಎಂದು ಎಚ್ಚರಿಸಿತು. ಒಬ್ಬ ತಾತ್ಕಾಲಿಕ ನೌಕರನನ್ನು ತೆಗೆದು ಇನ್ನೊಬ್ಬ ತಾತ್ಕಾಲಿಕ ನೌಕರನನ್ನು ಕೂರಿಸಬಾರದೆಂಬ ನಿಯಮವಂತೂ 1992ರ ಪಿಯಾರಾ ಸಿಂಗ್ ಪ್ರಕರಣದಷ್ಟು ಹಳೆಯದು.

‘ಯೋಜನೆ ಮುಗಿದರೆ ನೌಕರಿಯೂ ಮುಗಿಯಿತು’ ಎಂಬ ವಾದದಲ್ಲಿ ಹುರುಳಿಲ್ಲವೆಂದಲ್ಲ. ನಿಜಕ್ಕೂ ಮುಗಿಯುವ ಯೋಜನೆಗಳಿವೆ. ಆದರೆ ರಾಷ್ಟ್ರೀಯ ಆರೋಗ್ಯ ಅಭಿಯಾನ 2005ರಲ್ಲಿ ಶುರುವಾದದ್ದು. ಎರಡು ದಶಕ ದಾಟಿದರೂ ಅದರ ನರ್ಸ್, ಲ್ಯಾಬ್ ಟೆಕ್ನಿಷಿಯನ್‌ಗಳಿಗೆ ಪ್ರತಿ ಮಾರ್ಚ್ ಬಂದರೆ ನವೀಕರಣದ ಚಿಂತೆ. ಹೆರಿಗೆ ನಿಂತಿಲ್ಲ, ಕ್ಷಯ ನಿಂತಿಲ್ಲ. ಅನಿಶ್ಚಿತವಾಗಿರುವುದು ಇವರ ಅನ್ನ ಮಾತ್ರ. 2023ರ ಫೆಬ್ರುವರಿಯಲ್ಲಿ ಇವರು ಬೆಂಗಳೂರಿನ ಫ್ರೀಡಂ ಪಾರ್ಕ್‌ನಲ್ಲಿ ಧರಣಿ ಕೂತರು. ಅಂಥ ಧರಣಿಗೆ ಕೂರುವುದೆಂದರೆ ನವೀಕರಣ ಕಳೆದುಕೊಳ್ಳುವ ಅಪಾಯ. ಸಂಬಳ ತಡವಾದರೆ ಕೇಳುವಂತಿಲ್ಲ, ಮೇಲಧಿಕಾರಿ ಕಿರುಕುಳ ಕೊಟ್ಟರೆ ದೂರು ಬರೆಯುವಂತಿಲ್ಲ. ವಜಾ ಆದೇಶ ಬರೆಯುವ ಕಷ್ಟವೂ ಅಧಿಕಾರಿಗಿಲ್ಲ. ನವೀಕರಣಕ್ಕೆ ಸಹಿ ಹಾಕದಿದ್ದರೆ ಸಾಕು.

ಕಾನೂನೂ ಇದಕ್ಕೆ ದಾರಿ ಮಾಡಿಕೊಟ್ಟಿದೆ. ವರ್ಷದಲ್ಲಿ 240 ದಿನ ದುಡಿದ ಕಾರ್ಮಿಕನನ್ನು ತೆಗೆಯುವ ಮುನ್ನ ಒಂದು ತಿಂಗಳ ನೋಟಿಸ್, ಸೇವೆಯ ಪ್ರತಿ ವರ್ಷಕ್ಕೆ 15 ದಿನದ ವೇತನ ಕೊಡಬೇಕೆಂದು 1947ರ ಕೈಗಾರಿಕಾ ವಿವಾದ ಕಾಯ್ದೆ ಹೇಳಿತ್ತು. 1984ರ ತಿದ್ದುಪಡಿ ಗುತ್ತಿಗೆ ನವೀಕರಿಸದೆ ಬಿಡುವುದನ್ನು ಆ ರಕ್ಷಣೆಯಿಂದ ಹೊರಗಿಟ್ಟಿತು. ಖಾಸಗಿ ಮಾಲೀಕ ಈ ಸಂದಿಯಲ್ಲಿ ನುಸುಳಿದರೆ ಲಾಭಕೋರ ಎನ್ನುತ್ತೇವೆ. ಸಂವಿಧಾನದ 14 ಮತ್ತು 16ನೇ ವಿಧಿಗಳಿಗೆ ಬದ್ಧವಾದ ಸರ್ಕಾರವೇ ನುಸುಳಿದರೆ ಅದು ಇನ್ನೂ ಹೀನ.

ಸ್ಪರ್ಧಾತ್ಮಕ ಪರೀಕ್ಷೆಗೆ ಓದುತ್ತ ವಯೋಮಿತಿ ಮೀರುತ್ತಿರುವ ಯುವಜನರ, ಮೀಸಲಾತಿಗೆ ಅರ್ಹರಾದವರ ಆತಂಕ ನ್ಯಾಯವಾದದ್ದು. ಅವರ ಪಾಲು ಕಸಿದವರು ಗುತ್ತಿಗೆ ನೌಕರರಲ್ಲ. ವರ್ಷಗಟ್ಟಲೆ ಅಧಿಸೂಚನೆ ಹೊರಡಿಸದೆ ಕೂತ ಇಲಾಖೆಗಳು.

ರಾಜ್ಯ ಸರ್ಕಾರ ಇನ್ನು ಸಮಿತಿಗಳ ಹಿಂದೆ ಅಡಗುವುದು ಬೇಡ. ಲಿಖಿತ ಕಾರಣವಿಲ್ಲದೆ, ನೌಕರನ ಮಾತು ಕೇಳದೆ ಯಾರನ್ನೂ ತೆಗೆಯಬಾರದು. ನವೀಕರಣ ನಿರಾಕರಣೆಗೂ ಇದೇ ನಿಯಮ ಅನ್ವಯಿಸಬೇಕು. ಯೋಜನೆ ನಿಜಕ್ಕೂ ಮುಗಿದರೆ ಸೇವಾವಧಿಗೆ ತಕ್ಕ ಪರಿಹಾರ, ಮುಂದಿನ ನೇಮಕಾತಿಯಲ್ಲಿ ವಯೋಮಿತಿ ಸಡಿಲಿಕೆ ಮತ್ತು ಅನುಭವಕ್ಕೆ ಅಂಕ ಸಿಗಬೇಕು. ಇದನ್ನು ಸುತ್ತೋಲೆಯಲ್ಲಿ ಹೇಳಿದರೆ ಸಾಲದು, ವಿಧಾನಮಂಡಲ ಶಾಸನ ಮಾಡಬೇಕು. ವಜಾ ಅಕ್ರಮವೆಂದು ನ್ಯಾಯಾಲಯ ತೀರ್ಮಾನಿಸಿದಾಗ ಕೊಡಬೇಕಾದ ಹಿಂಬಾಕಿ ವೇತನವನ್ನು, ಆ ಆದೇಶಕ್ಕೆ ಸಹಿ ಹಾಕಿದ ಅಧಿಕಾರಿಯ ಸಂಬಳದಿಂದಲೇ ವಸೂಲು ಮಾಡುವ ಕಲಮೂ ಅದರಲ್ಲಿರಬೇಕು.