ಮೆತ್ತಗಿದ್ದರೆ ಮಾತ್ರ ಒಳ್ಳೆಯ ಮಾಂಸವೇ?

ಸ್ಟೇಕ್ ಎಂದೊಡನೆ ಹಲವರು ಹೇಳುವುದು ಒಂದೇ ಹೆಸರು, ಟೆಂಡರ್‌ಲಾಯಿನ್. ಮಾಂಸದಂಗಡಿಯಲ್ಲಿ ಅದು ಅಂಡರ್‌ಕಟ್. ಅದರ ಸಣ್ಣ ತುದಿ ದೊಡ್ಡ ಹೋಟೆಲಿಗೆ ಹೋದರೆ ಫಿಲೆ ಮಿನ್ಯೊನ್. ದನದ ಮಾಂಸದಲ್ಲೆಲ್ಲ ಇದೇ ಶ್ರೇಷ್ಠ ಎಂಬ ಮಾತನ್ನು ನಾನು ಒಪ್ಪುವುದಿಲ್ಲ.

ಬೆನ್ನುಮೂಳೆಯ ಒಳಬದಿಯಲ್ಲಿರುವ ಈ ಸ್ನಾಯುವಿಗೆ ಕೆಲಸ ಕಡಿಮೆ, ಅದಕ್ಕೇ ಅದು ಮೆತ್ತಗೆ. ಕೊಬ್ಬೂ ಕಡಿಮೆ, ಹಾಗಾಗಿ ರುಚಿ ಸಪ್ಪೆ. ಅದಕ್ಕೆ ಬೇಕನ್ ಸುತ್ತುವುದು, ಬೆಣ್ಣೆ, ಸಾಸ್ ಸುರಿಯುವುದು ಸುಮ್ಮನೆ ಅಲ್ಲ. ಒಂದು ಪ್ರಾಣಿಯಲ್ಲಿ ಸಿಗುವುದು 2 ತುಂಡು ಮಾತ್ರ. ನಾವು ದುಡ್ಡು ಕೊಡುವುದು ಆ ಕೊರತೆಗೆ, ಮೆತ್ತನೆತನಕ್ಕೆ, ರುಚಿಗಲ್ಲ.

ದುಡಿದ ಕಾಲು, ಕುತ್ತಿಗೆಯ ಮಾಂಸ ಗಟ್ಟಿ, ನಿಜ. ಬಾಣಲೆಯಲ್ಲಿ ಐದು ನಿಮಿಷ ಹುರಿದರೆ ಜಗಿಯಲಾಗದು. ಅದೇ ಮಾಂಸವನ್ನು ನೀರು ಹಾಕಿ ಸಣ್ಣ ಉರಿಯಲ್ಲಿ 2-3 ಗಂಟೆ ಬೇಯಿಸಿ ನೋಡಿ. ಅದರೊಳಗಿನ ಕೊಲಾಜೆನ್ ಜೆಲಟಿನ್ ಆಗಿ ಕರಗುತ್ತದೆ, ಮಾಂಸ ಮೆದುವಾಗುತ್ತದೆ, ಸಾರು ಮಂದವಾಗುತ್ತದೆ. ಸಮಯವಿಲ್ಲ ಎನ್ನುವವರ ಮನೆಯಲ್ಲೂ ಕುಕ್ಕರ್ ಇದೆಯಲ್ಲ?

ಒಂದು ಜೀವವನ್ನು ಕೊಂದ ಮೇಲೆ ಮೆತ್ತನೆಯ ತುಂಡಿಗಷ್ಟೇ ಮರ್ಯಾದೆ ಕೊಟ್ಟು ಉಳಿದದ್ದನ್ನು ಕೀಳೆನ್ನುವುದು ನ್ಯಾಯವಲ್ಲ. ಮುಂದಿನ ಹಬ್ಬಕ್ಕೆ ಕಾಲಿನ ಮಾಂಸ ಕೇಳಿ ತನ್ನಿ. ಉಳಿದ ದುಡ್ಡಿನಲ್ಲಿ ಇನ್ನೂ ನಾಲ್ಕು ಜನರನ್ನು ಊಟಕ್ಕೆ ಕರೆಯಿರಿ.