ಹೃದಯಕ್ಕೊಂದು ನುಡಿ, ಬುದ್ಧಿಗೊಂದು ನುಡಿ

ತೆಗಳಿಕೆಯಿಂದ ಕವಿಗೆ ಕೇಡಾಗುವುದುಂಟು, ಹೊಗಳಿಕೆಯಿಂದಲೂ ಕೇಡಾಗುವುದುಂಟು. ಈ ಎರಡನೆಯ ಮಾತನ್ನು ನಂಬಲಾರದವರು ಸ್ಕಾಟ್ಲೆಂಡಿನ ಸಾಹಿತ್ಯವಿಮರ್ಶೆಯ ಚರಿತ್ರೆಯನ್ನೊಮ್ಮೆ ಓದಬೇಕು. ಬ್ರಿಟನ್ ದ್ವೀಪದ ಉತ್ತರ ಭಾಗದಲ್ಲಿರುವ ಆ ಪುಟ್ಟ ನಾಡಿನ ಲೇಖಕರನ್ನು ನಾವು ಇಂಗ್ಲಿಷರ ಪಂಕ್ತಿಯಲ್ಲಿಯೇ ಕುಳ್ಳಿರಿಸಿ ಓದುತ್ತ ಬಂದಿದ್ದೇವೆ. ಆಚಾರ್ಯ ಬಿ.ಎಂ.ಶ್ರೀಯವರ ‘ಇಂಗ್ಲಿಷ್ ಗೀತಗಳು’ ಸಂಕಲನದ ಮೂಲಕ ಕನ್ನಡಿಗರಿಗೆ ಪರಿಚಿತನಾದ ರಾಬರ್ಟ್ ಬರ್ನ್ಸ್ ಇಂಗ್ಲಿಷನಲ್ಲ. ಅವನ ಶ್ರೇಷ್ಠ ಕವಿತೆಗಳ ಭಾಷೆಯೂ ಲಂಡನ್ನಿನ ಶಿಷ್ಟ ಇಂಗ್ಲಿಷ್ ಅಲ್ಲ. ಅದು ‘ಸ್ಕಾಟ್ಸ್’, ಇಂಗ್ಲಿಷಿನೊಡನೆ ಒಂದೇ ಬೇರಿನಿಂದ ಹುಟ್ಟಿ, ಬೇರೆಯಾಗಿ ಬೆಳೆದ ದಾಯಾದಿ ನುಡಿ.

ಈ ನುಡಿ ಒಂದು ಕಾಲದಲ್ಲಿ ಅರಮನೆಯ ನುಡಿಯಾಗಿತ್ತು. ಹದಿನೈದನೆಯ ಶತಮಾನದ ಉತ್ತರಾರ್ಧದಲ್ಲಿ ಹೆನ್ರಿಸನ್, ಡನ್‌ಬಾರ್ ಮೊದಲಾದ ಮಹಾಕವಿಗಳು ಅದರಲ್ಲಿ ಕಾವ್ಯ ರಚಿಸಿದರು. 1603ರಲ್ಲಿ ಸ್ಕಾಟರ ದೊರೆ ಇಂಗ್ಲೆಂಡಿನ ಸಿಂಹಾಸನವನ್ನೂ ಏರಿ ಲಂಡನ್ನಿಗೆ ನಡೆದನು. 1707ರಲ್ಲಿ ಸಂಸತ್ತೂ ಅಲ್ಲಿಗೇ ಹೋಯಿತು. ಆಸ್ಥಾನವನ್ನು ಕಳೆದುಕೊಂಡ ನುಡಿಗೆ ಅಡುಗೆಮನೆ, ಹೊಲ, ಸಂತೆಗಳೇ ಗತಿಯಾದವು. ವಿದ್ಯಾವಂತರಿಗೆ ತಾಯ್ನುಡಿಯೆಂದರೆ ನಾಚಿಕೆಯಾಗತೊಡಗಿತು. ಮಹಾ ತತ್ತ್ವಜ್ಞಾನಿಯಾದ ಡೇವಿಡ್ ಹ್ಯೂಮ್ ಬರವಣಿಗೆಯಲ್ಲಿ ನುಸುಳಬಾರದ ಸ್ಕಾಟ್ಸ್ ಪ್ರಯೋಗಗಳ ಪಟ್ಟಿಯೊಂದನ್ನು 1752ರಲ್ಲಿ ಸಿದ್ಧಪಡಿಸಿದನು. 1761ರಲ್ಲಿ ಥಾಮಸ್ ಷೆರಿಡನ್ ಎಂಬ ನಟನು ಎಡಿನ್‌ಬರೋ ನಗರದಲ್ಲಿ ಶುದ್ಧ ಇಂಗ್ಲಿಷ್ ಉಚ್ಚಾರಣೆಯನ್ನು ಕುರಿತು ಉಪನ್ಯಾಸಮಾಲೆ ನಡೆಸಿದಾಗ ಸುಮಾರು 300 ಮಂದಿ ಗಣ್ಯರು ಹಣ ತೆತ್ತು ಬಂದು ಕುಳಿತರಂತೆ. ಸ್ವಾರಸ್ಯವೆಂದರೆ, ಈ ಗುರುವು ಇಂಗ್ಲೆಂಡಿನವನಲ್ಲ, ಐರ್ಲೆಂಡಿನವನು!

ಇಂಥ ಕಾಲದಲ್ಲಿ, 1786ರ ಜುಲೈ ತಿಂಗಳಲ್ಲಿ, ಕಿಲ್ಮಾರ್ನಕ್ ಎಂಬ ಸಣ್ಣ ಊರಿನಿಂದ ಬರ್ನ್ಸನ ಮೊದಲ ಕವನಸಂಗ್ರಹ ಹೊರಬಿದ್ದಿತು. ಅಚ್ಚಾದುದು 612 ಪ್ರತಿಗಳು. ಬೆಲೆ ಮೂರು ಷಿಲಿಂಗು. ಅದೇ ಡಿಸೆಂಬರಿನಲ್ಲಿ ಹೆನ್ರಿ ಮೆಕೆಂಜಿ ಎಂಬ ಪ್ರಸಿದ್ಧ ಲೇಖಕನು ‘ದಿ ಲೌಂಜರ್’ ಪತ್ರಿಕೆಯಲ್ಲಿ ಅದನ್ನು ಮನಸಾರೆ ಕೊಂಡಾಡಿದನು. ದೈವವೇ ವಿದ್ಯೆ ಕಲಿಸಿದ ಉಳುವವ ಎಂಬ ಅರ್ಥದ ಬಿರುದನ್ನೂ ಕೊಟ್ಟನು. ಆದರೆ ಅದೇ ಲೇಖನದಲ್ಲಿ, ಈ ಕವಿಯ ಕೀರ್ತಿಗೆ ಅಡ್ಡಬಂದಿರುವುದು ಅವನ ಭಾಷೆಯೇ ಎಂದು ಮರುಗಿದನು.

ಹೊಗಳಿಕೆಯ ಕೇಡು ಇಲ್ಲಿಯೇ ಇದೆ. ಬರ್ನ್ಸ್ ಉಳುತ್ತಿದ್ದವನೇನೋ ನಿಜ, ಆದರೆ ಓದದವನಲ್ಲ. ಅವನ ತಂದೆ ಬಡತನದಲ್ಲಿಯೂ ನೆರೆಹೊರೆಯವರೊಡನೆ ಕೂಡಿ ಮಕ್ಕಳಿಗಾಗಿ ಉಪಾಧ್ಯಾಯನನ್ನು ಗೊತ್ತುಮಾಡಿದ್ದನು. ಪೋಪನ ಕಾವ್ಯ, ಷೇಕ್ಸ್‌ಪಿಯರನ ಕೆಲವು ನಾಟಕಗಳು, ಲಾಕನ ತತ್ತ್ವಗ್ರಂಥ ಇವನ್ನೆಲ್ಲ ತಾನು ಓದಿದುದಾಗಿ ಕವಿಯೇ 1787ರ ಪತ್ರವೊಂದರಲ್ಲಿ ಬರೆದಿದ್ದಾನೆ. ಅಷ್ಟೇಕೆ, ಆ ಮೆಕೆಂಜಿಯ ಕಾದಂಬರಿಯನ್ನೇ ಅವನು ಬೈಬಲ್ಲಿನ ನಂತರದ ಸ್ಥಾನದಲ್ಲಿಟ್ಟು ಗೌರವಿಸುತ್ತಿದ್ದನು! ಇಷ್ಟಾದರೂ ‘ಕಲಿಯದೆ ಹಾಡಿದ ರೈತ’ ಎಂಬ ಚಿತ್ರ ಜನಮನದಲ್ಲಿ ನಿಂತುಹೋಯಿತು. ಸ್ಕಾಟ್ಸ್ ನುಡಿಯಲ್ಲಿ ಹಾಡಬಹುದು, ಅಳಬಹುದು, ನಗಬಹುದು. ಆದರೆ ಅದು ಆಲೋಚನೆಯ ನುಡಿಯಲ್ಲ ಎಂಬ ತೀರ್ಪೂ ಆ ಚಿತ್ರದ ಬೆನ್ನಹಿಂದೆಯೇ ಬಂದಿತು.

ಚಿತ್ರವು ಕ್ರಮೇಣ ವಿಗ್ರಹವಾಯಿತು. 1930ರಲ್ಲಿ ಕ್ಯಾಥರೀನ್ ಕಾರ್ಸ್‌ವೆಲ್ ಎಂಬಾಕೆ ಬರ್ನ್ಸನ ಜೀವನಚರಿತ್ರೆಯನ್ನು ಪ್ರಕಟಿಸಿದಳು. ಕವಿಯ ಪ್ರಣಯಗಳನ್ನಾಗಲಿ ದೌರ್ಬಲ್ಯಗಳನ್ನಾಗಲಿ ಆಕೆ ಮುಚ್ಚಿಡಲಿಲ್ಲ. ಮನುಷ್ಯನನ್ನು ಮನುಷ್ಯನಂತೆಯೇ ಚಿತ್ರಿಸಿದಳು. ಭಕ್ತರು ಕೆರಳಿದರು. ಅಂಚೆಯಲ್ಲಿ ಬಂದ ಅನಾಮಧೇಯ ಪತ್ರವೊಂದರ ಜೊತೆಗೆ ಒಂದು ಬಂದೂಕಿನ ಗುಂಡೂ ಇದ್ದಿತು; ಅದನ್ನು ಬಳಸಿಕೊಂಡು ಲೋಕಕ್ಕೆ ಉಪಕಾರ ಮಾಡಬೇಕೆಂದು ಬರೆದವನ ಸಲಹೆ. ಆಕೆ ಜಗ್ಗಲಿಲ್ಲ. ಬರ್ನ್ಸನ ಜೀವನವನ್ನು ಅರಿಯಬೇಕೆನ್ನುವವರು ಆ ಗ್ರಂಥವನ್ನು ಇಂದಿಗೂ ಓದುತ್ತಾರೆ.

ಇನ್ನು ಇಡೀ ಸಾಹಿತ್ಯವನ್ನು ಒಂದಾಗಿ ನೋಡಿದವರ ಮಾತಿಗೆ ಬರೋಣ. 1919ರಲ್ಲಿ ಗ್ರೆಗರಿ ಸ್ಮಿತ್ ಎಂಬ ವಿದ್ವಾಂಸನು, ಕಣ್ಣಿಗೆ ಕಟ್ಟುವ ವಾಸ್ತವ ಒಂದು ಕಡೆ, ಕಡಿವಾಣವಿಲ್ಲದ ಕಲ್ಪನೆ ಇನ್ನೊಂದು ಕಡೆ, ಈ ವಿರುದ್ಧಗಳ ಜೋಡಣೆಯೇ ಸ್ಕಾಟರ ಸಾಹಿತ್ಯದ ಲಕ್ಷಣವೆಂದು ವಾದಿಸಿದನು. ಸ್ಟೀವನ್‌ಸನ್ನನ ಜೆಕಿಲ್ ಮತ್ತು ಹೈಡ್ ಕಥೆಯನ್ನು ಓದಿರುವ ನಮ್ಮ ವಾಚಕರಿಗೆ ಈ ಮಾತು ಬೇಗ ಮನಸ್ಸಿಗೆ ಹತ್ತೀತು. ಆದರೆ ಟಿ.ಎಸ್. ಎಲಿಯಟ್ ಆ ಪುಸ್ತಕವನ್ನು ವಿಮರ್ಶಿಸುತ್ತ, ಸ್ಕಾಟ್ಲೆಂಡಿಗೆ ತನ್ನದೇ ಆದ ಸಾಹಿತ್ಯವೊಂದು ಇತ್ತೆ ಎಂಬ ಪ್ರಶ್ನೆಯನ್ನೇ ತಲೆಬರಹವಾಗಿ ಇಟ್ಟನು! ಒಬ್ಬೊಬ್ಬ ದೊಡ್ಡ ಲೇಖಕನಿದ್ದರೆ ಸಾಲದು, ಕಡಿಯದೆ ಹರಿದುಬಂದ ಪರಂಪರೆ ಬೇಕು ಎಂಬುದು ಅವನ ನಿಲುವು.

ಈ ಪ್ರಶ್ನೆಗೆ ಉತ್ತರ ಕೊಡಲು ಹೊರಟವನು ಹ್ಯೂ ಮ್ಯಾಕ್‌ಡಿಯರ್ಮಿಡ್. 1808ರಲ್ಲಿ ಅಚ್ಚಾಗಿದ್ದ ಜೇಮಿಸನ್ನನ ಸ್ಕಾಟ್ಸ್ ನಿಘಂಟಿನಿಂದ ಮರೆತುಹೋದ ಪದಗಳನ್ನು ಹೆಕ್ಕಿ, ಆಡುಮಾತಿನೊಡನೆ ಬೆಸೆದು, ಅವನು ಹೊಸ ಕಾವ್ಯವನ್ನೇ ಕಟ್ಟಿದನು. ಮುಳ್ಳುಗಿಡದ ಹೂವನ್ನು ನೋಡುತ್ತ ಬಿದ್ದುಕೊಂಡಿರುವ ಕುಡುಕನೊಬ್ಬನ ಧ್ಯಾನವನ್ನು ಹೇಳುವ ಅವನ ದೀರ್ಘಕಾವ್ಯ 1926ರಲ್ಲಿ ಹೊರಬಂದಿತು. ಅದರಲ್ಲಿ ದೇಶವಿದೆ, ದೇವರಿದ್ದಾನೆ, ದಾಸ್ತೊಯೆವ್‌ಸ್ಕಿಯೂ ಇದ್ದಾನೆ. ಅಡುಗೆಮನೆಯ ನುಡಿಯೆಂದು ಹೀಗಳೆಯಲ್ಪಟ್ಟದ್ದು ದರ್ಶನದ ಭಾರವನ್ನು ಹೊತ್ತು ನಿಂತಿತು.

ಹತ್ತು ವರ್ಷಗಳ ತರುವಾಯ ಅವನ ಮಿತ್ರನೇ ಆಗಿದ್ದ ಎಡ್ವಿನ್ ಮ್ಯೂರ್ ‘ಸ್ಕಾಟ್ ಅಂಡ್ ಸ್ಕಾಟ್ಲೆಂಡ್’ ಎಂಬ ಕಿರುಗ್ರಂಥವನ್ನು ಬರೆದನು. ಸ್ಕಾಟರು ಒಂದು ಭಾಷೆಯಲ್ಲಿ ಅನುಭವಿಸುತ್ತಾರೆ, ಇನ್ನೊಂದರಲ್ಲಿ ಆಲೋಚಿಸುತ್ತಾರೆ. ಹೃದಯವೂ ಬುದ್ಧಿಯೂ ಹೀಗೆ ಬೇರೆಯಾದ ಮೇಲೆ ಪೂರ್ಣವಾದ ಸಾಹಿತ್ಯ ಹುಟ್ಟಲಾರದು. ಐರ್ಲೆಂಡಿನ ಯೇಟ್ಸ್ ಮಾಡಿದಂತೆ ಇಂಗ್ಲಿಷನ್ನೇ ತಮ್ಮದಾಗಿಸಿಕೊಳ್ಳುವುದೊಂದೇ ದಾರಿ ಎಂಬುದು ಅವನ ವಾದ. ಮ್ಯಾಕ್‌ಡಿಯರ್ಮಿಡ್ ಇದನ್ನು ದ್ರೋಹವೆಂದೇ ಭಾವಿಸಿದನು. ಸ್ನೇಹ ಮುರಿಯಿತು. 1940ರಲ್ಲಿ ತಾನು ಸಂಪಾದಿಸಿದ ಸ್ಕಾಟಿಷ್ ಕಾವ್ಯಸಂಗ್ರಹದಲ್ಲಿ ಅವನು ಮ್ಯೂರನ ಕವಿತೆಗಳಿಗೆ ಎಡೆಗೊಡಲಿಲ್ಲ.

ಮ್ಯೂರನನ್ನು ಸುಲಭವಾಗಿ ತಳ್ಳಿಹಾಕುವಂತಿಲ್ಲ. ಮನೆಯಲ್ಲೊಂದು, ಕಾಲೇಜಿನಲ್ಲೊಂದು ನುಡಿಯನ್ನು ಬಳಸಿ ಬೆಳೆದವರಾರಿಗೂ ಅವನು ಮುಟ್ಟಿದ ನೋವು ಅಪರಿಚಿತವಲ್ಲ. ರೋಗವನ್ನು ಅವನು ಸರಿಯಾಗಿಯೇ ಗುರುತಿಸಿದನು. ಆದರೆ ಅದು ವಾಸಿಯಾಗದ ರೋಗವೆಂದದ್ದು ಸರಿಯೆ? ಅವನು ಪರೀಕ್ಷಿಸಿದ ಸ್ಕಾಟನ ಕಾದಂಬರಿಗಳಲ್ಲಿಯೇ ಇದಕ್ಕೆ ಉತ್ತರ ದೊರೆಯುತ್ತದೆ. 1818ರ ‘ದಿ ಹಾರ್ಟ್ ಆಫ್ ಮಿಡ್‌ಲೋಥಿಯನ್’ ಕಾದಂಬರಿಯಲ್ಲಿ ಎಫಿ ಎಂಬ ತರುಣಿಯ ಮೇಲೆ ಶಿಶುಹತ್ಯೆಯ ಆರೋಪ. ಅವಳು ತಾನು ಬಸುರಿಯೆಂಬುದನ್ನು ಮೊದಲೇ ತನಗೆ ತಿಳಿಸಿದ್ದಳೆಂದು ಅಕ್ಕ ಜೀನಿ ಒಂದೇ ಒಂದು ಸುಳ್ಳು ಹೇಳಿದ್ದರೆ ಸಾಕು, ತಂಗಿಯ ಕೊರಳು ನೇಣಿನಿಂದ ತಪ್ಪುತ್ತಿತ್ತು. ಜೀನಿ ಸುಳ್ಳು ಹೇಳುವುದಿಲ್ಲ. ಬದಲಾಗಿ ಲಂಡನ್ನಿನವರೆಗೆ, ಬಹುದೂರವನ್ನು ಕಾಲ್ನಡಿಗೆಯಲ್ಲಿಯೇ ಸವೆಸಿ, ರಾಣಿಯ ಮುಂದೆ ನಿಂತು ತಂಗಿಯ ಪ್ರಾಣಭಿಕ್ಷೆಯನ್ನು ಬೇಡುತ್ತಾಳೆ. ಸತ್ಯ ದೊಡ್ಡದೋ, ಒಡಹುಟ್ಟಿದವಳ ಪ್ರಾಣ ದೊಡ್ಡದೋ? ಇದಕ್ಕಿಂತ ಕಠಿನವಾದ ಆಲೋಚನೆ ಯಾವುದಿದ್ದೀತು? ಅದನ್ನು ಹೊತ್ತವಳು ಕಾದಂಬರಿಕಾರನ ಇಂಗ್ಲಿಷ್ ಕಲಿತ ಪಂಡಿತೆಯಲ್ಲ. ಸ್ಕಾಟ್ಸ್ ಮಾತನಾಡುವ, ಹಸು ಸಾಕುವವನ ಮಗಳು.

ಇನ್ನೊಂದು ಉತ್ತರ ಮ್ಯೂರನ ಗ್ರಂಥಕ್ಕೆ ನಾಲ್ಕು ವರ್ಷ ಮೊದಲೇ, 1932ರಲ್ಲಿ, ಪ್ರಕಟವಾಗಿತ್ತು. ಲೂಯಿಸ್ ಗ್ರಾಸಿಕ್ ಗಿಬ್ಬನ್ನನ ‘ಸನ್‌ಸೆಟ್ ಸಾಂಗ್’ ಕಾದಂಬರಿಯ ನಾಯಕಿ ಕ್ರಿಸ್ ಎಂಬ ರೈತನ ಮಗಳೊಳಗೆ ಇಬ್ಬರು ಕ್ರಿಸ್‌ರಿದ್ದಾರೆ: ಒಬ್ಬಳಿಗೆ ಇಂಗ್ಲಿಷ್ ಪುಸ್ತಕಗಳ ಮೋಹ, ಇನ್ನೊಬ್ಬಳಿಗೆ ಮಣ್ಣಿನ ಮತ್ತು ಮಣ್ಣಿನ ಮಾತಿನ ಸೆಳೆತ. ಮ್ಯೂರ್ ಹೇಳಿದ ಬಿರುಕೇ ಇದು. ಗಿಬ್ಬನ್ ಆ ಬಿರುಕನ್ನೇ ಕಥಾವಸ್ತುವನ್ನಾಗಿ ಮಾಡಿಕೊಂಡು, ಸ್ಕಾಟ್ಸ್ ಲಯವನ್ನು ಇಂಗ್ಲಿಷಿಗೆ ಹದವಾಗಿ ಬೆರೆಸಿ, ಇಡೀ ಕಾದಂಬರಿಯನ್ನು ಆ ದನಿಯಲ್ಲಿಯೇ ಹೇಳಿದನು. ವಿಮರ್ಶಕನು ಗೋಡೆಯನ್ನು ಕಂಡ ಕಡೆ ಕಥೆಗಾರನು ಬಾಗಿಲನ್ನು ತೆರೆದಿದ್ದನು.

ಮುಂದಿನದನ್ನು ಚುಟುಕಾಗಿ ಹೇಳಬಹುದು. 1931ರಲ್ಲಿ ಆರಂಭವಾದ ಸ್ಕಾಟಿಷ್ ರಾಷ್ಟ್ರೀಯ ನಿಘಂಟು ಹತ್ತು ಸಂಪುಟಗಳಲ್ಲಿ 1976ಕ್ಕೆ ಪೂರ್ಣವಾಯಿತು. ಸ್ಕಾಟಿಷ್ ಸಾಹಿತ್ಯದ ಅಧ್ಯಯನಕ್ಕೆಂದೇ 1970ರಲ್ಲಿ ವಿದ್ವಾಂಸರ ಸಂಘವೊಂದು ಹುಟ್ಟಿತು. 2022ರ ಜನಗಣತಿಯಲ್ಲಿ 15 ಲಕ್ಷಕ್ಕೂ ಹೆಚ್ಚು ಮಂದಿ ತಮಗೆ ಸ್ಕಾಟ್ಸ್ ಮಾತನಾಡಲು ಬರುತ್ತದೆಂದು ತಿಳಿಸಿದರು. 2025ರಲ್ಲಿ ಅಲ್ಲಿನ ಸಂಸತ್ತು ಗೇಲಿಕ್ ಮತ್ತು ಸ್ಕಾಟ್ಸ್ ಎರಡಕ್ಕೂ ಅಧಿಕೃತ ಸ್ಥಾನ ನೀಡುವ ಕಾನೂನನ್ನು ಅಂಗೀಕರಿಸಿತು.

ಕಾನೂನಿನಿಂದ ಕವಿ ಹುಟ್ಟುವುದಿಲ್ಲ, ನಿಜ. ಆದರೆ ಮೆಕೆಂಜಿಯ ಮರುಕದಿಂದ ಮ್ಯೂರನ ನಿರಾಶೆಯವರೆಗೆ, ನೂರೈವತ್ತು ವರ್ಷಗಳ ಕಾಲ ತಜ್ಞರು ಆಸೆ ಬಿಟ್ಟಿದ್ದ ರೋಗಿ ಇನ್ನೂ ಎದ್ದು ಓಡಾಡುತ್ತಿದೆ. ಒಂದು ನುಡಿಗೆ ಏನು ಬಂದಿದೆ, ಏನು ಬಂದಿಲ್ಲ ಎಂಬುದನ್ನು ವಿಮರ್ಶಕನು ಧಾರಾಳವಾಗಿ ಹೇಳಲಿ. ಅದು ಅವನ ಧರ್ಮ. ಮುಂದೆ ಅದಕ್ಕೆ ಏನು ಬರಲಾರದು ಎಂಬ ಮಾತನ್ನು ಮಾತ್ರ ಅವನು ಆ ನುಡಿಯನ್ನಾಡುವವರಿಗೆ ಬಿಟ್ಟುಕೊಡುವುದು ಲೇಸು.